ದೂರದ ಗಣಕಕ್ಕೆ ಕಡತ ತಲುಪದಿದ್ದಾಗ: ಸುರಕ್ಷಿತ ರವಾನೆಯಲ್ಲಿ ದೋಷಪತ್ತೆಯ ಕ್ರಮ

ಕಾವೇರಿ ತೀರದ ರಾಮನಾಥಪುರವು ರಾಮೇಶ್ವರ ಹಾಗೂ ಸುಬ್ರಹ್ಮಣ್ಯ ದೇವಾಲಯಗಳಿಂದ ಭಕ್ತಾದಿಗಳಿಗೆ ಪರಿಚಿತವಾಗಿರುವಂತೆ, ತಂಬಾಕು ಮಂಡಳಿಯ ಹರಾಜು ಮಾರುಕಟ್ಟೆಯಿಂದ ವ್ಯಾಪಾರಸ್ಥರಿಗೂ ಪರಿಚಿತವಾಗಿದೆ. ಹಿಂದೆ ಕೂಗಿನ ಮೂಲಕ ನಡೆಯುತ್ತಿದ್ದ ಹೊಗೆಸೊಪ್ಪಿನ ಹರಾಜು ಇಂದು ವಿದ್ಯುನ್ಮಾನ ಪದ್ಧತಿಗೆ ಬದಲಾಗಿದೆ. ಈ ಬದಲಾವಣೆ ಹರಾಜು ಮಾರುಕಟ್ಟೆಗೆ ಮಾತ್ರ ಸೀಮಿತವಾಗಿ ಉಳಿದಿಲ್ಲ. ಅಂಗಡಿ, ಮಿಲ್ಲು, ಸಣ್ಣ ಕಾರ್ಖಾನೆಗಳ ಲೆಕ್ಕಪತ್ರಗಳೂ ಗಣಕಯಂತ್ರವನ್ನು ಸೇರಿವೆ. ಒಂದು ಕಾಲದಲ್ಲಿ ಬಿಲ್ ಪುಸ್ತಕ ಹಾಗೂ ವೋಚರುಗಳನ್ನು ಕಟ್ಟು ಕಟ್ಟಿ, ಹಾಸನದ ಬಸ್ಸಿನ ಕಂಡಕ್ಟರರ ಕೈಗೆ ಒಪ್ಪಿಸಿ, ಲೆಕ್ಕಪರಿಶೋಧಕರ ಕಚೇರಿಗೆ ತಲುಪಿಸಬೇಕಾಗಿತ್ತು. ಇಂದು ಅದೇ ಕೆಲಸವು ಅಂತರ್ಜಾಲದ ಮೂಲಕ ಕೆಲವೇ ನಿಮಿಷಗಳಲ್ಲಿ ಮುಗಿಯುತ್ತದೆ.

ಕಟ್ಟು ತಲುಪದಿದ್ದರೆ ಎಲ್ಲಿ ವಿಚಾರಿಸಬೇಕೆಂಬುದು ವರ್ತಕರಿಗೆ ತಿಳಿದಿತ್ತು. ಬಸ್ಸು ಹೊರಟಿತೇ, ನಿಲ್ದಾಣದಲ್ಲಿ ಯಾರು ಇಳಿಸಿಕೊಂಡರು, ಕಚೇರಿಯಲ್ಲಿ ಯಾರು ಪಡೆದರು ಎಂದು ಹೆಜ್ಜೆ ಹೆಜ್ಜೆಯಾಗಿ ಕೇಳುತ್ತಿದ್ದರು. ಆದರೆ ಕಡತ ತಲುಪದಿದ್ದಾಗ ಪರದೆಯ ಮೇಲೆ ಒಂದೇ ಸಾಲಿನ ಇಂಗ್ಲಿಷ್ ಸಂದೇಶ ಕಾಣಿಸುತ್ತದೆ. ಅದನ್ನು ಪೂರ್ತಿಯಾಗಿ ಓದದೆಯೇ ಮುಚ್ಚಿಬಿಡುವವರೇ ಹೆಚ್ಚು. ವಾಸ್ತವದಲ್ಲಿ ಆ ಒಂದು ಸಾಲು, ಕಟ್ಟು ಯಾವ ನಿಲ್ದಾಣದಲ್ಲಿ ನಿಂತಿದೆ ಎಂಬುದನ್ನು ಬಹುಮಟ್ಟಿಗೆ ಸರಿಯಾಗಿಯೇ ಹೇಳುತ್ತಿರುತ್ತದೆ. ಅದನ್ನು ಓದುವ ಕ್ರಮವನ್ನು ವಿವರಿಸುವುದೇ ಈ ಲೇಖನದ ಉದ್ದೇಶ.

ಒಂದು ಉದಾಹರಣೆ

ರಾಮನಾಥಪುರದಲ್ಲಿ ರಸಗೊಬ್ಬರ ಹಾಗೂ ಕೀಟನಾಶಕಗಳ ಸಗಟು ಮಳಿಗೆ, ಅರಕಲಗೂಡು, ಹೊಳೆನರಸೀಪುರ ಮತ್ತು ಚನ್ನರಾಯಪಟ್ಟಣಗಳಲ್ಲಿ ಶಾಖೆಗಳು, ಹಾಸನದಲ್ಲಿ ಕೇಂದ್ರ ಕಚೇರಿ, ಹೀಗೆ ಒಂದು ವ್ಯಾಪಾರ ಸಂಸ್ಥೆಯನ್ನು ಕಲ್ಪಿಸಿಕೊಳ್ಳಬಹುದು. ಪ್ರತಿ ಶಾಖೆಯೂ ದಿನದ ಕೊನೆಗೆ ಲೆಕ್ಕದ ತಂತ್ರಾಂಶದ ಬ್ಯಾಕಪ್ ಕಡತವನ್ನು ಹಾಸನದ ಸರ್ವರ್‌ಗೆ ಕಳುಹಿಸುತ್ತದೆ. ಕೇಂದ್ರ ಕಚೇರಿಯು ಸರಬರಾಜುದಾರರಿಗೂ ನೌಕರರಿಗೂ ಸಲ್ಲಬೇಕಾದ ಹಣದ ಪಟ್ಟಿಯನ್ನು ಒಂದು ಕಡತವಾಗಿ ಸಿದ್ಧಪಡಿಸಿ ಬ್ಯಾಂಕಿನ ಸರ್ವರ್‌ಗೆ ರವಾನಿಸುತ್ತದೆ.

ತಿಂಗಳ 10ನೇ ತಾರೀಖಿನ ರಾತ್ರಿ ರಾಮನಾಥಪುರದ ಕಡತ ಹಾಸನಕ್ಕೆ ಹೋಗುತ್ತಿಲ್ಲ. ಮಾಸಿಕ ವಿವರಣ ಪತ್ರ ಸಲ್ಲಿಸುವವರಿಗೆ ಜಿಎಸ್‌ಟಿಆರ್-1ರ ಕೊನೆಯ ದಿನ 11ನೇ ತಾರೀಖು. ಖರೀದಿದಾರರ ಜಿಎಸ್‌ಟಿಆರ್-2ಬಿ ತಯಾರಾಗುವುದು 14ನೇ ತಾರೀಖಿನಂದು. ಮಾರಾಟದ ವಿವರ ಸಕಾಲದಲ್ಲಿ ಸಲ್ಲಿಕೆಯಾಗದಿದ್ದರೆ, ಆ ಮಳಿಗೆಯಿಂದ ಸರಕು ಕೊಂಡ ಚಿಲ್ಲರೆ ವ್ಯಾಪಾರಿಗಳ ಹೂಡುವಳಿ ತೆರಿಗೆ ಜಮೆಯು ಆ ತಿಂಗಳ ಪಟ್ಟಿಯಲ್ಲಿ ಕಾಣಿಸುವುದಿಲ್ಲ. ತಪ್ಪು ಒಬ್ಬರದು, ನಷ್ಟ ಹಲವರದು ಎಂಬಂತಾಗುತ್ತದೆ.

ಇಂತಹ ಆತುರದ ಸಮಯದಲ್ಲಿ ಗುಮಾಸ್ತರಿಗೆ ಸಹಜವಾಗಿ ಹೊಳೆಯುವ ಉಪಾಯಗಳು ಕೆಲವಿವೆ: ಕಡತವನ್ನು ಸ್ವಂತ ವಾಟ್ಸ್‌ಆ್ಯಪ್‌ನಲ್ಲಿ ಕಳುಹಿಸುವುದು, ಎಚ್ಚರಿಕೆಯ ಸಂದೇಶಕ್ಕೆ ಓದದೆಯೇ ‘ಯೆಸ್’ ಒತ್ತುವುದು, ಫೈರ್‌ವಾಲ್ ಹಾಗೂ ಆ್ಯಂಟಿವೈರಸ್‌ಗಳನ್ನು ನಿಲ್ಲಿಸಿ ನೋಡುವುದು, ಹೋಗುವವರೆಗೂ ಅದೇ ಕಡತವನ್ನು ಮತ್ತೆ ಮತ್ತೆ ಕಳುಹಿಸುವುದು. ಇವೆಲ್ಲವೂ ಬೀಗ ತೆರೆಯಲಿಲ್ಲವೆಂದು ಬಾಗಿಲನ್ನೇ ಕಿತ್ತಿಡುವ ಕೆಲಸಗಳು. ದೋಷ ಎಲ್ಲಿದೆಯೆಂದು ಹುಡುಕಬೇಕೇ ಹೊರತು ಭದ್ರತೆಯನ್ನು ಸಡಿಲಿಸಬಾರದು ಎಂಬುದು ಈ ವಿಷಯದಲ್ಲಿ ಮೊದಲ ನಿಯಮ.

ಸುರಕ್ಷಿತ ರವಾನೆ ಎಂದರೇನು?

ಗಣಕದಿಂದ ಗಣಕಕ್ಕೆ ಕಡತ ಕಳುಹಿಸುವ ಎಫ್‌ಟಿಪಿ ಪದ್ಧತಿಯ ಮೊದಲ ಕರಡನ್ನು 1971ರಲ್ಲಿ ರಚಿಸಿದವರು ಐಐಟಿ ಕಾನ್ಪುರದಲ್ಲಿ ಓದಿ ಅಮೆರಿಕದ ಎಂಐಟಿಗೆ ತೆರಳಿದ್ದ ಅಭಯ್ ಭೂಷಣ್ ಎಂಬ ಭಾರತೀಯರು. ಜಾಲದಲ್ಲಿದ್ದ ಗಣಕಗಳೇ ಬೆರಳೆಣಿಕೆಯಷ್ಟಿದ್ದ ಕಾಲವದು. ಕಳ್ಳತನದ ಭಯ ಇರಲಿಲ್ಲ. ಹೀಗಾಗಿ ಹಳೆಯ ಎಫ್‌ಟಿಪಿಯಲ್ಲಿ ಪಾಸ್‌ವರ್ಡ್ ಆಗಲಿ, ಕಡತದೊಳಗಿನ ವಿಷಯವಾಗಲಿ ಮುಚ್ಚುಮರೆಯಿಲ್ಲದೆ ಸಾಗುತ್ತದೆ. ಅದು ತೆರೆದ ಅಂಚೆ ಕಾರ್ಡಿನಂತೆ. ದಾರಿಯಲ್ಲಿ ನಿಂತವರು ಯಾರು ಬೇಕಾದರೂ ಓದಬಹುದು.

1995ರಲ್ಲಿ ಫಿನ್ಲೆಂಡಿನ ಹೆಲ್ಸಿಂಕಿ ತಾಂತ್ರಿಕ ವಿಶ್ವವಿದ್ಯಾಲಯದ ಜಾಲದಲ್ಲಿ ಪಾಸ್‌ವರ್ಡ್‌ಗಳ ಕಳವು ನಡೆದ ಬಳಿಕ, ಅಲ್ಲಿನ ಸಂಶೋಧಕ ಟಾಟು ಯುಲೋನೆನ್ ಅವರು ಎಸ್‌ಎಸ್‌ಎಚ್ ಎಂಬ ಸುರಕ್ಷಿತ ಸಂಪರ್ಕ ಪದ್ಧತಿಯನ್ನು ರೂಪಿಸಿದರು. ಅದರ ಮೇಲೆ ನಡೆಯುವ ಕಡತ ರವಾನೆಯೇ ಎಸ್‌ಎಫ್‌ಟಿಪಿ. ಇದು ಮೂರು ಭರವಸೆಗಳನ್ನು ನೀಡುತ್ತದೆ. ಮೊದಲನೆಯದು, ದಾರಿಯಲ್ಲಿ ಯಾರೂ ಓದಲಾರರು. ಎರಡನೆಯದು, ದಾರಿಯಲ್ಲಿ ಯಾರೂ ತಿದ್ದಿದರೂ ಅದು ಪತ್ತೆಯಾಗುತ್ತದೆ. ಮೂರನೆಯದು, ಆ ತುದಿಯಲ್ಲಿರುವ ಗಣಕವು ನಿಜವಾಗಿಯೂ ಸಂಬಂಧಪಟ್ಟ ಸಂಸ್ಥೆಯದೇ ಎಂಬುದನ್ನು ಪರೀಕ್ಷಿಸಬಹುದು.

ಎಸ್‌ಎಫ್‌ಟಿಪಿ ಮತ್ತು ಎಫ್‌ಟಿಪಿಎಸ್ ಎಂಬ ಹೆಸರುಗಳು ಅಕ್ಕಪಕ್ಕದ ಮನೆಗಳಂತೆ ಕಂಡರೂ ಅವು ಬೇರೆ ಬೇರೆ ಪದ್ಧತಿಗಳು. ಎಸ್‌ಎಫ್‌ಟಿಪಿ ಸಾಮಾನ್ಯವಾಗಿ 22ನೇ ಪೋರ್ಟ್ ಬಳಸಿದರೆ, ಎಫ್‌ಟಿಪಿಎಸ್ 21 ಅಥವಾ 990ನ್ನು ಬಳಸುತ್ತದೆ. ಜಾಲತಾಣದ ಮೂಲಕ ನಡೆಯುವ ಸುರಕ್ಷಿತ ರವಾನೆಗೆ 443ನೇ ಪೋರ್ಟ್. ಪೋರ್ಟ್ ಎಂದರೆ ಒಂದೇ ಕಟ್ಟಡದ ಬೇರೆ ಬೇರೆ ಸಂಖ್ಯೆಯ ಬಾಗಿಲುಗಳೆಂದು ತಿಳಿದರೆ ಸಾಕು. ಫೈಲ್‌ಜಿಲ್ಲಾ, ವಿನ್‌ಎಸ್‌ಸಿಪಿ ಮುಂತಾದ ತಂತ್ರಾಂಶಗಳಲ್ಲಿ ಪದ್ಧತಿಯನ್ನು ತಪ್ಪಾಗಿ ಆರಿಸುವುದೇ ಎಷ್ಟೋ ಬಾರಿ ಮೊದಲ ದಿನದ ವೈಫಲ್ಯಕ್ಕೆ ಕಾರಣವಾಗಿರುತ್ತದೆ.

ಹುಡುಕುವ ಮುನ್ನ

ದೋಷಪತ್ತೆಗೆ ಕೈಹಾಕುವ ಮೊದಲು ಮೂರು ಕೆಲಸಗಳನ್ನು ಮಾಡಬೇಕು. ಪರದೆಯ ಮೇಲಿನ ಸಂದೇಶವನ್ನು ಅಕ್ಷರಶಃ ಬರೆದುಕೊಳ್ಳಬೇಕು ಅಥವಾ ಅದರ ಚಿತ್ರ ತೆಗೆದುಕೊಳ್ಳಬೇಕು. ವೇಳೆಯನ್ನು ನಿಮಿಷದ ನಿಖರತೆಯಲ್ಲಿ ಗುರುತಿಸಬೇಕು, ಏಕೆಂದರೆ ಆ ತುದಿಯವರು ತಮ್ಮ ಸರ್ವರ್‌ನ ದಾಖಲೆಯಲ್ಲಿ ಹುಡುಕುವುದು ವೇಳೆಯ ಆಧಾರದಲ್ಲಿಯೇ. ಮೂರನೆಯದಾಗಿ, ನಿನ್ನೆಯವರೆಗೆ ನಡೆಯುತ್ತಿದ್ದ ರವಾನೆ ಇಂದು ನಿಂತಿದ್ದರೆ, ನಡುವೆ ಏನು ಬದಲಾಯಿತು ಎಂದು ಕೇಳಿಕೊಳ್ಳಬೇಕು. ಹೊಸ ಗಣಕ, ಹೊಸ ಅಂತರ್ಜಾಲ ಸಂಪರ್ಕ, ಬದಲಾದ ಪಾಸ್‌ವರ್ಡ್, ತಂತ್ರಾಂಶದ ಪರಿಷ್ಕರಣೆ, ವಿದ್ಯುತ್ ಹೋಗಿ ಬಂದದ್ದು ಇವುಗಳಲ್ಲಿ ಒಂದಿಲ್ಲೊಂದು ಇದ್ದೇ ಇರುತ್ತದೆ. ಆನಂತರ ಕೆಳಗಿನ ಆರು ಹಂತಗಳನ್ನು ಕ್ರಮವಾಗಿ ನೋಡಬೇಕು. ಒಂದು ಬಾರಿಗೆ ಒಂದೇ ಬದಲಾವಣೆ ಮಾಡಬೇಕು. ನಾಲ್ಕನ್ನು ಒಟ್ಟಿಗೆ ಬದಲಾಯಿಸಿದರೆ ಯಾವುದರಿಂದ ಸರಿಹೋಯಿತೆಂಬುದು ಎಂದಿಗೂ ತಿಳಿಯುವುದಿಲ್ಲ.

ಮೊದಲ ಹಂತ: ದಾರಿ ಇದೆಯೇ?

‘ನೆಟ್‌ವರ್ಕ್ ಅನ್‌ರೀಚಬಲ್’ ಎಂದರೆ ದಾರಿಯೇ ಇಲ್ಲ. ‘ಕುಡ್ ನಾಟ್ ರಿಸಾಲ್ವ್ ಹೋಸ್ಟ್‌ನೇಮ್’ ಎಂದರೆ ಸರ್ವರ್‌ನ ಹೆಸರಿಗೆ ತಕ್ಕ ವಿಳಾಸ ಸಿಗಲಿಲ್ಲ. ಅಂತರ್ಜಾಲ ಬೇರೆ ಕೆಲಸಗಳಿಗೆ ದೊರೆಯುತ್ತಿದೆಯೇ, ಸರ್ವರ್‌ನ ಹೆಸರನ್ನು ತಪ್ಪಿಲ್ಲದೆ ನಮೂದಿಸಲಾಗಿದೆಯೇ ಎಂದು ನೋಡಬೇಕು. ನಕಲು ಮಾಡಿ ಅಂಟಿಸಿದಾಗ ಹೆಸರಿನ ಕೊನೆಗೆ ಸೇರಿಕೊಂಡ ಒಂದು ಖಾಲಿ ಜಾಗವೂ ಈ ದೋಷವನ್ನುಂಟುಮಾಡಬಲ್ಲದು.

ಮೊಬೈಲಿನ ಹಾಟ್‌ಸ್ಪಾಟ್ ಮೂಲಕ ಸರ್ವರ್‌ನ ಸಂಪರ್ಕವನ್ನು ಪರೀಕ್ಷಿಸುವುದು ಒಳ್ಳೆಯ ಪರೀಕ್ಷೆ. ಅದರಲ್ಲಿ ಸಂಪರ್ಕ ದೊರೆತರೆ ದೋಷವು ಕಚೇರಿಯ ಮಾರ್ಗದಲ್ಲಿ ಅಥವಾ ಫೈರ್‌ವಾಲ್‌ನಲ್ಲಿದೆ ಎಂದಾಯಿತು. ಆದರೆ ನಿಗದಿತ ವಿಳಾಸಗಳಿಂದ ಬಂದವರಿಗೆ ಮಾತ್ರ ಪ್ರವೇಶ ನೀಡುವ ಬ್ಯಾಂಕಿನಂತಹ ಸರ್ವರ್‌ಗಳು ಹಾಟ್‌ಸ್ಪಾಟನ್ನು ಹೇಗೂ ಒಪ್ಪುವುದಿಲ್ಲ. ಅಲ್ಲಿ ಈ ಪರೀಕ್ಷೆಯಿಂದ ಯಾವ ನಿರ್ಣಯಕ್ಕೂ ಬರುವಂತಿಲ್ಲ.

ಎರಡನೆಯ ಹಂತ: ಬಾಗಿಲು ತೆರೆದಿದೆಯೇ?

ಇಲ್ಲಿ ಎರಡು ಸಂದೇಶಗಳ ವ್ಯತ್ಯಾಸವನ್ನು ಅರಿಯುವುದು ಮುಖ್ಯ. ‘ಕನೆಕ್ಷನ್ ಟೈಮ್ಡ್ ಔಟ್’ ಎಂದರೆ ಬಾಗಿಲು ಬಡಿದರೂ ಯಾರೂ ಓಗೊಡಲಿಲ್ಲ. ಆ ಗಣಕ ನಿಂತಿರಬಹುದು, ಇಲ್ಲವೇ ನಡುವಿನ ಫೈರ್‌ವಾಲ್ ಸದ್ದಿಲ್ಲದೆ ತಡೆಯುತ್ತಿರಬಹುದು. ‘ಕನೆಕ್ಷನ್ ರೆಫ್ಯೂಸ್ಡ್’ ಎಂದರೆ ಸಾಮಾನ್ಯವಾಗಿ ಗಣಕ ಜೀವಂತವಾಗಿದೆ, ಆದರೆ ಆ ಸಂಖ್ಯೆಯ ಬಾಗಿಲಿನಲ್ಲಿ ಸೇವೆ ನಡೆಯುತ್ತಿಲ್ಲ. ಪೋರ್ಟ್ ಸಂಖ್ಯೆ ತಪ್ಪಾಗಿರಬಹುದು ಅಥವಾ ಸರ್ವರ್‌ನಲ್ಲಿ ಸೇವೆ ಸ್ಥಗಿತವಾಗಿರಬಹುದು. ‘ಪಿಂಗ್’ ಮಾಡಿ ಉತ್ತರ ಬಾರದಿದ್ದರೆ ಸರ್ವರ್ ಕೆಟ್ಟಿದೆ ಎಂದು ತೀರ್ಮಾನಿಸಬಾರದು. ಎಷ್ಟೋ ಸರ್ವರ್‌ಗಳು ಪಿಂಗ್‌ಗೆ ಉತ್ತರಿಸುವುದೇ ಇಲ್ಲ. ವಿಂಡೋಸ್‌ನ ಪವರ್‌ಶೆಲ್‌ನಲ್ಲಿರುವ ‘ಟೆಸ್ಟ್-ನೆಟ್‌ಕನೆಕ್ಷನ್’ ಆದೇಶದೊಂದಿಗೆ ಪೋರ್ಟ್ ಸಂಖ್ಯೆಯನ್ನೂ ಕೊಟ್ಟು ಪರೀಕ್ಷಿಸುವುದು ಹೆಚ್ಚು ನಂಬಲರ್ಹ.

ಈ ಹಂತದಲ್ಲಿ ಹೆಚ್ಚಾಗಿ ಕಂಡುಬರುವ ಕಾರಣವೆಂದರೆ ವಿಳಾಸದ ಬದಲಾವಣೆ. ಸಾಮಾನ್ಯ ಬ್ರಾಡ್‌ಬ್ಯಾಂಡ್ ಸಂಪರ್ಕಗಳಲ್ಲಿ ಐಪಿ ವಿಳಾಸ ಸ್ಥಿರವಲ್ಲ. ವಿದ್ಯುತ್ ಹೋಗಿ ರೌಟರ್ ಮತ್ತೆ ಚಾಲನೆಗೊಂಡಾಗ ಬೇರೆಯದೇ ವಿಳಾಸ ದೊರೆಯಬಹುದು. ಹಳೆಯ ವಿಳಾಸವನ್ನು ಮಾತ್ರ ಪಟ್ಟಿಯಲ್ಲಿಟ್ಟುಕೊಂಡ ಸರ್ವರ್ ಹೊಸದನ್ನು ಅಪರಿಚಿತನೆಂದು ದೂರವಿಡುತ್ತದೆ. ಬ್ಯಾಂಕಿಗೆ ನಿಯಮಿತವಾಗಿ ಕಡತ ಕಳುಹಿಸುವವರು ಸೇವಾದಾರರಿಂದ ಸ್ಥಿರ ಐಪಿ ವಿಳಾಸ ಪಡೆಯುವುದು ಲೇಸು.

ಶಾಖೆಗಳಿಂದ ಹಾಸನದ ಕಚೇರಿಯಲ್ಲಿರುವ ಗಣಕಕ್ಕೇ ಕಡತ ಬರಬೇಕಾದಾಗ ಇನ್ನೊಂದು ತೊಡಕಿದೆ. ಹಲವು ಸೇವಾದಾರರು ಅನೇಕ ಗ್ರಾಹಕರಿಗೆ ಒಂದೇ ಸಾರ್ವಜನಿಕ ವಿಳಾಸವನ್ನು ಹಂಚುತ್ತಾರೆ. ಅಂತಹ ಸಂಪರ್ಕದಿಂದ ಹೊರಗೆ ಹೋಗಬಹುದು, ಹೊರಗಿನವರು ಒಳಗೆ ಬರಲಾಗದು. ಗಣಕವನ್ನು ಎಷ್ಟು ರಿಪೇರಿ ಮಾಡಿಸಿದರೂ ಇದು ಸರಿಹೋಗುವುದಿಲ್ಲ. ಸ್ಥಿರ ಸಾರ್ವಜನಿಕ ವಿಳಾಸ ಪಡೆಯಬೇಕು ಅಥವಾ ಬಾಡಿಗೆ ಸರ್ವರನ್ನು ಬಳಸಬೇಕು.

ಮೂರನೆಯ ಹಂತ: ಆ ತುದಿಯಲ್ಲಿರುವವರು ಯಾರು?

ಆರು ಹಂತಗಳಲ್ಲಿ ಅತಿ ಮುಖ್ಯವಾದುದು ಇದು. ಪ್ರತಿ ಎಸ್‌ಎಫ್‌ಟಿಪಿ ಸರ್ವರ್‌ಗೂ ತನ್ನದೇ ಆದ ಗುರುತಿನ ಕೀಲಿ ಇರುತ್ತದೆ. ಆ ಕೀಲಿಯ ಸಂಕ್ಷಿಪ್ತ ರೂಪಕ್ಕೆ ‘ಫಿಂಗರ್‌ಪ್ರಿಂಟ್’, ಅಂದರೆ ಬೆರಳಚ್ಚು ಎಂದು ಹೆಸರು. ಮೊದಲ ಬಾರಿ ಸಂಪರ್ಕಿಸಿದಾಗ ತಂತ್ರಾಂಶವು ಅದನ್ನು ತೋರಿಸಿ ಒಪ್ಪಿಗೆ ಕೇಳುತ್ತದೆ. ಒಪ್ಪಿದ ಮೇಲೆ ನೆನಪಿಟ್ಟುಕೊಳ್ಳುತ್ತದೆ. ಮುಂದೆ ಎಂದಾದರೂ ಬೇರೆ ಕೀಲಿ ಕಂಡರೆ ಸರ್ವರ್‌ನ ಗುರುತು ಬದಲಾಗಿದೆ ಎಂದು ಗಟ್ಟಿಯಾಗಿ ಎಚ್ಚರಿಸುತ್ತದೆ.

ಇದಕ್ಕೆ ನ್ಯಾಯವಾದ ಕಾರಣಗಳಿರಬಹುದು. ಸರ್ವರ್ ಬದಲಾಗಿರಬಹುದು, ಕಾರ್ಯಾಚರಣ ವ್ಯವಸ್ಥೆಯನ್ನು ಹೊಸದಾಗಿ ಅಳವಡಿಸಿರಬಹುದು. 2023ರ ಮಾರ್ಚ್‌ನಲ್ಲಿ ಜಗತ್ತಿನ ತಂತ್ರಾಂಶ ತಯಾರಕರು ಬಳಸುವ ಗಿಟ್‌ಹಬ್ ಸಂಸ್ಥೆಯು, ತನ್ನ ಒಂದು ಖಾಸಗಿ ಕೀಲಿ ಸ್ವಲ್ಪ ಕಾಲ ಬಹಿರಂಗವಾಗಿದ್ದುದನ್ನು ಕಂಡು ಅದನ್ನು ಬದಲಾಯಿಸಿತು. ಆಗ ಅಸಂಖ್ಯ ಬಳಕೆದಾರರಿಗೆ ಇದೇ ಎಚ್ಚರಿಕೆ ಕಾಣಿಸಿತು. ಸಂಸ್ಥೆಯು ಹೊಸ ಬೆರಳಚ್ಚನ್ನು ತನ್ನ ಅಧಿಕೃತ ತಾಣದಲ್ಲಿ ಪ್ರಕಟಿಸಿದ್ದರಿಂದ ಬಳಕೆದಾರರು ಹೋಲಿಸಿ ನೋಡಿ ಮುಂದುವರಿಯಲು ಸಾಧ್ಯವಾಯಿತು.

ಆದರೆ ಅದೇ ಎಚ್ಚರಿಕೆಗೆ ಮತ್ತೊಂದು ಕಾರಣವೂ ಇರಬಹುದು. ನಡುವೆ ಯಾರೋ ತಾವೇ ಬ್ಯಾಂಕೆಂದು ನಟಿಸುತ್ತಿರಬಹುದು. ಆಗ ‘ಯೆಸ್’ ಒತ್ತಿ ಪಾಸ್‌ವರ್ಡ್ ಕೊಟ್ಟರೆ ಅದು ನೇರವಾಗಿ ಆ ವ್ಯಕ್ತಿಯ ಕೈ ಸೇರುತ್ತದೆ. ಆದ್ದರಿಂದ ಎಚ್ಚರಿಕೆ ಕಂಡ ಕೂಡಲೇ ನಿಲ್ಲಿಸಬೇಕು. ಸಂದೇಶದಲ್ಲಿ ಅಥವಾ ಇಮೇಲ್‌ನಲ್ಲಿ ಬಂದ ಸಂಖ್ಯೆಗೆ ಕರೆ ಮಾಡಬಾರದು. ಮೊದಲಿನಿಂದ ಕಚೇರಿಯ ದಾಖಲೆಯಲ್ಲಿರುವ ಸಂಖ್ಯೆಗೇ ಕರೆ ಮಾಡಿ, ಕೀಲಿ ಬದಲಾಗಿರುವುದು ನಿಜವೇ ಎಂದು ಕೇಳಿ, ಬೆರಳಚ್ಚಿನ ಅಕ್ಷರಗಳನ್ನು ಆರಂಭದಿಂದ ಕೊನೆಯವರೆಗೆ ಹೋಲಿಸಬೇಕು. ದೃಢೀಕರಣ ದೊರೆಯುವವರೆಗೆ ಒಂದು ದಿನ ತಡವಾದರೂ ಕಡತ ಕಳುಹಿಸಬಾರದು. ವಿವರಣ ಪತ್ರದ ವಿಳಂಬಕ್ಕೆ ಶುಲ್ಕ ತೆತ್ತು ಮುಗಿಸಬಹುದು, ಅಪರಿಚಿತರ ಕೈ ಸೇರಿದ ಪಾವತಿ ಪಟ್ಟಿಯನ್ನು ಹಿಂದಕ್ಕೆ ಪಡೆಯಲಾಗದು.

ಎಫ್‌ಟಿಪಿಎಸ್ ಹಾಗೂ ಜಾಲತಾಣಗಳಲ್ಲಿ ಈ ಗುರುತಿನ ಕೆಲಸವನ್ನು ಅವಧಿ ನಮೂದಿಸಿದ ಪ್ರಮಾಣಪತ್ರ ಮಾಡುತ್ತದೆ. ಹಳೆಯ ಗಣಕದ ಒಳಗಿನ ಪುಟ್ಟ ಬ್ಯಾಟರಿ ಸತ್ತು ದಿನಾಂಕ ಹಿಂದಕ್ಕೆ ಹೋಗಿದ್ದರೆ ಸರಿಯಾದ ಪ್ರಮಾಣಪತ್ರವೂ ಅಮಾನ್ಯವೆಂದು ತೋರುತ್ತದೆ. ಅಂತಹ ಸಂದೇಶ ಬಂದಾಗ ಮೊದಲು ಗಣಕದ ಗಡಿಯಾರವನ್ನು ನೋಡಬೇಕು.

ನಾಲ್ಕನೆಯ ಹಂತ: ಕಳುಹಿಸುವವರ ಗುರುತು ಒಪ್ಪಿತವೇ?

ಬಾಗಿಲು ತೆರೆದು, ಸರ್ವರ್‌ನ ಗುರುತೂ ಸರಿಯಾಗಿದ್ದು, ‘ಆಥೆಂಟಿಕೇಷನ್ ಫೇಲ್ಡ್’ ಅಥವಾ ‘ಪರ್ಮಿಷನ್ ಡಿನೈಡ್’ ಎಂದು ಬಂದರೆ, ಸರ್ವರ್ ಬಳಕೆದಾರರನ್ನು ಒಪ್ಪಲಿಲ್ಲ ಎಂದರ್ಥ. ಪಾಸ್‌ವರ್ಡ್‌ನ ಅವಧಿ ಮುಗಿದಿರಬಹುದು, ಕ್ಯಾಪ್ಸ್ ಲಾಕ್ ಒತ್ತಿರಬಹುದು. ಎರಡು ಬಾರಿ ವಿಫಲವಾದರೆ ಅಲ್ಲಿಗೇ ನಿಲ್ಲಿಸಬೇಕು. ಹಲವು ಸರ್ವರ್‌ಗಳು ಸತತ ತಪ್ಪು ಪ್ರಯತ್ನಗಳನ್ನು ದಾಳಿಯೆಂದು ಭಾವಿಸಿ ಖಾತೆಯನ್ನೋ ವಿಳಾಸವನ್ನೋ ತಡೆಹಿಡಿಯುತ್ತವೆ. ಆಗ ಒಂದು ತೊಂದರೆ ಎರಡಾಗುತ್ತದೆ.

ಪಾಸ್‌ವರ್ಡ್ ಬದಲು ಕೀಲಿಯ ಜೋಡಿ ಬಳಸುವ ವ್ಯವಸ್ಥೆಯಲ್ಲಿ ಸಾರ್ವಜನಿಕ ಕೀಲಿಯನ್ನು ಸರ್ವರ್‌ನವರಿಗೆ ಕೊಡಲಾಗಿರುತ್ತದೆ, ಖಾಸಗಿ ಕೀಲಿ ಕಳುಹಿಸುವವರ ಗಣಕದಲ್ಲಿಯೇ ಇರುತ್ತದೆ. ಹೊಸ ಗಣಕ ಕೊಂಡಾಗ ಖಾಸಗಿ ಕೀಲಿ ಹಳೆಯದರಲ್ಲಿಯೇ ಉಳಿದುಹೋಗುವುದು ಸಾಮಾನ್ಯ. ಪುಟ್ಟಿ ತಂತ್ರಾಂಶದ ಕೀಲಿಯ ಸ್ವರೂಪ ಬೇರೆ, ಓಪನ್‌ಎಸ್‌ಎಸ್‌ಎಚ್ ಸ್ವರೂಪ ಬೇರೆ. ಒಂದರ ಕೀಲಿಯನ್ನು ಮತ್ತೊಂದು ಓದದಿದ್ದರೆ ಪರಿವರ್ತಿಸಿಕೊಳ್ಳಬೇಕು. ಯಾವ ಕಾರಣಕ್ಕೂ ಖಾಸಗಿ ಕೀಲಿಯನ್ನು ಇಮೇಲ್‌ನಲ್ಲಿ ಕಳುಹಿಸಬಾರದು. ‘ಸರಿಪಡಿಸಿ ಕೊಡುತ್ತೇವೆ, ಕೀಲಿ ಕಳುಹಿಸಿ’ ಎಂದು ಯಾರೇ ಕೇಳಿದರೂ ಕೊಡಬಾರದು. ಹೊಸ ಜೋಡಿ ತಯಾರಿಸಿ ಅದರ ಸಾರ್ವಜನಿಕ ಭಾಗವನ್ನು ಮಾತ್ರ ಕೊಡುವುದು ಸರಿಯಾದ ಮಾರ್ಗ.

ಬಳಕೆದಾರರದು ಏನೂ ತಪ್ಪಿಲ್ಲದೆಯೂ ಸಂಪರ್ಕ ನಿಲ್ಲುವ ಸಂದರ್ಭವೊಂದಿದೆ. 2021ರ ಸೆಪ್ಟೆಂಬರ್‌ನಲ್ಲಿ ಬಿಡುಗಡೆಯಾದ ಓಪನ್‌ಎಸ್‌ಎಸ್‌ಎಚ್ 8.8ನೇ ಆವೃತ್ತಿಯು, ದುರ್ಬಲವಾಗಿದ್ದ ಎಸ್‌ಎಚ್‌ಎ-1 ಆಧಾರಿತ ಆರ್‌ಎಸ್‌ಎ ಸಹಿಗಳನ್ನು ಒಪ್ಪುವುದನ್ನು ಪೂರ್ವನಿಯೋಜಿತವಾಗಿ ನಿಲ್ಲಿಸಿತು. ಹೀಗಾಗಿ ತಂತ್ರಾಂಶ ಪರಿಷ್ಕರಿಸಿದ ಮರುದಿನವೇ ಹಳೆಯ ಸರ್ವರ್‌ಗಳೊಂದಿಗೆ ಮಾತು ಮುರಿದು, ‘ನೋ ಮ್ಯಾಚಿಂಗ್ ಹೋಸ್ಟ್ ಕೀ ಟೈಪ್’ ಎಂಬ ಸಂದೇಶ ಬರಬಹುದು. ಇದರರ್ಥ ಎರಡೂ ಕಡೆಯವರಿಗೆ ಸಮಾನವಾದ ಭಾಷೆ ಇಲ್ಲ ಎಂದು. ಹಳೆಯ ಸರ್ವರನ್ನು ಪರಿಷ್ಕರಿಸುವುದೇ ಇದಕ್ಕೆ ಪರಿಹಾರ. ಅನಿವಾರ್ಯವಾಗಿ ಹಳೆಯ ವಿಧಾನಕ್ಕೆ ಅವಕಾಶ ನೀಡಬೇಕಾದರೆ ಆ ಒಂದು ಸರ್ವರ್‌ಗೆ ಮಾತ್ರ, ನಿಗದಿತ ದಿನಾಂಕದವರೆಗೆ ಮಾತ್ರ, ಲಿಖಿತ ಒಪ್ಪಿಗೆಯೊಂದಿಗೆ ನೀಡಬೇಕು.

ಐದನೆಯ ಹಂತ: ಇಳಿಸಲು ಜಾಗವಿದೆಯೇ?

‘ಪರ್ಮಿಷನ್ ಡಿನೈಡ್’ ಎಂಬ ಸಂದೇಶ ಪ್ರವೇಶದ ನಂತರ ಕಾಣಿಸಿದರೆ ಅದರ ಅರ್ಥ ಬೇರೆ. ಮನೆಯೊಳಗೆ ಬಿಟ್ಟಿದ್ದಾರೆ, ಆದರೆ ಆ ಕೋಣೆಯಲ್ಲಿ ಸರಕು ಇಳಿಸಲು ಅನುಮತಿಯಿಲ್ಲ. ಸಾಮಾನ್ಯವಾಗಿ ಒಂದು ಫೋಲ್ಡರ್‌ನಲ್ಲಿ ಬರೆಯಲು, ಇನ್ನೊಂದರಲ್ಲಿ ಓದಲು ಮಾತ್ರ ಅವಕಾಶವಿರುತ್ತದೆ. ಲಿನಕ್ಸ್ ಸರ್ವರ್‌ಗಳು ದೊಡ್ಡ ಹಾಗೂ ಚಿಕ್ಕ ಇಂಗ್ಲಿಷ್ ಅಕ್ಷರಗಳನ್ನು ಬೇರೆ ಬೇರೆಯಾಗಿ ಎಣಿಸುತ್ತವೆ. ವಿಂಡೋಸ್‌ನಲ್ಲಿ ಒಂದೇ ಆಗಿ ಕಾಣುವ ಎರಡು ಫೋಲ್ಡರ್ ಹೆಸರುಗಳು ಅಲ್ಲಿ ಎರಡು ಬೇರೆ ಸ್ಥಳಗಳು. ಕಡತದ ಹೆಸರಿನಲ್ಲಿ ಖಾಲಿ ಜಾಗ ಹಾಗೂ ವಿಶೇಷ ಚಿಹ್ನೆಗಳನ್ನು ತಪ್ಪಿಸಿ, ಶಾಖೆ, ದಿನಾಂಕ, ಕ್ರಮಸಂಖ್ಯೆ ಇರುವ ಸರಳ ಹೆಸರನ್ನು ಇಡುವುದು ಒಳ್ಳೆಯ ಅಭ್ಯಾಸ.

ಸರ್ವರ್‌ನ ಡಿಸ್ಕ್ ತುಂಬಿದ್ದರೂ ರವಾನೆ ನಡುವೆಯೇ ನಿಲ್ಲುತ್ತದೆ. ದಿನವೂ ಬ್ಯಾಕಪ್ ಸೇರುತ್ತಾ, ಹಳೆಯದನ್ನು ಯಾರೂ ಬೇರೆಡೆಗೆ ಸಾಗಿಸದಿದ್ದರೆ ಒಂದಲ್ಲ ಒಂದು ದಿನ ಇದು ಆಗಿಯೇ ತೀರುತ್ತದೆ.

ಆರನೆಯ ಹಂತ: ಕಡತ ಪೂರ್ತಿಯಾಗಿ ತಲುಪಿತೇ?

ರವಾನೆ ನಡುವೆ ತುಂಡಾಗುವುದಕ್ಕೆ ಮುಖ್ಯ ಕಾರಣ ಸಂಪರ್ಕದ ಸಾಮರ್ಥ್ಯ. ಇಲ್ಲಿ ಲೆಕ್ಕ ಸರಳ. 200 ಮೆಗಾಬೈಟ್ ಕಡತವೆಂದರೆ 1,600 ಮೆಗಾಬಿಟ್. ಮೇಲ್ಮುಖ ವೇಗ ಸೆಕೆಂಡಿಗೆ 2 ಮೆಗಾಬಿಟ್ ಇದ್ದರೆ 800 ಸೆಕೆಂಡು, ಅಂದರೆ 13 ನಿಮಿಷಕ್ಕೂ ಹೆಚ್ಚು ಬೇಕು. ಅಷ್ಟು ಹೊತ್ತಿನಲ್ಲಿ ಒಮ್ಮೆ ಕರೆಂಟು ಹೋದರೂ ಕೆಲಸ ಕೆಡುತ್ತದೆ. ಗಣಕಕ್ಕೆ ಯುಪಿಎಸ್ ಇದ್ದರೆ ಸಾಲದು, ರೌಟರ್‌ಗೂ ಇರಬೇಕು. ಕಡತವನ್ನು ಕುಗ್ಗಿಸಿ ಕಳುಹಿಸುವುದು, ನಿಂತಲ್ಲಿಂದ ಮುಂದುವರಿಸುವ ಸೌಲಭ್ಯವನ್ನು ಬಳಸುವುದು ಸಹಕಾರಿ. ವಿನ್‌ಎಸ್‌ಸಿಪಿ ತಂತ್ರಾಂಶವು ದೊಡ್ಡ ಕಡತವನ್ನು ಕಳುಹಿಸುವಾಗ ಹೆಸರಿನ ಕೊನೆಗೆ ‘ಫೈಲ್‌ಪಾರ್ಟ್’ ಎಂದು ಸೇರಿಸಿ, ಪೂರ್ತಿ ತಲುಪಿದ ಮೇಲೆ ಮಾತ್ರ ನಿಜವಾದ ಹೆಸರಿಗೆ ಬದಲಾಯಿಸುತ್ತದೆ. ಸರ್ವರ್‌ನಲ್ಲಿ ಆ ಬಾಲ ಹಾಗೆಯೇ ಉಳಿದಿದ್ದರೆ ರವಾನೆ ಮುಗಿದಿಲ್ಲ ಎಂದರ್ಥ.

ತಲುಪಿದ ಕಡತ ಕಳುಹಿಸಿದ ಕಡತವೇ ಎಂದು ಖಚಿತಪಡಿಸಿಕೊಳ್ಳಲು ಮೊದಲು ಗಾತ್ರವನ್ನು ಹೋಲಿಸಬೇಕು. ಹೆಚ್ಚಿನ ಖಾತರಿಗೆ ಎಸ್‌ಎಚ್‌ಎ-256 ಎಂಬ ಪರಿಶೀಲನಾ ಮೌಲ್ಯವನ್ನು ಎರಡೂ ಕಡೆ ತೆಗೆದು ಹೋಲಿಸಬಹುದು. ವಿಂಡೋಸ್‌ನಲ್ಲಿರುವ ‘ಸರ್ಟ್‌ಯುಟಿಲ್’ ಸಾಧನವೇ ಇದಕ್ಕೆ ಸಾಕು. ಕಡತದಲ್ಲಿ ಒಂದು ಅಂಕಿ ಬದಲಾದರೂ 64 ಅಕ್ಷರಗಳ ಆ ಮೌಲ್ಯ ಪೂರ್ಣವಾಗಿ ಬದಲಾಗುತ್ತದೆ.

ರವಾನೆಯ ತಪ್ಪಲ್ಲದ ಒಂದು ದೋಷವನ್ನೂ ಇಲ್ಲಿ ಹೇಳಬೇಕು. ಪಾವತಿ ಪಟ್ಟಿಯನ್ನು ಎಕ್ಸೆಲ್‌ನಲ್ಲಿ ತೆರೆದು ಉಳಿಸಿದಾಗ, ಬ್ಯಾಂಕ್ ಖಾತೆ ಸಂಖ್ಯೆಯ ಆರಂಭದ ಸೊನ್ನೆಗಳು ಮಾಯವಾಗಬಹುದು. ಎಕ್ಸೆಲ್ ಸಂಖ್ಯೆಗಳನ್ನು 15 ಅಂಕಿಗಳವರೆಗೆ ಮಾತ್ರ ನಿಖರವಾಗಿ ಇಟ್ಟುಕೊಳ್ಳುವುದರಿಂದ 16 ಅಂಕಿಯ ಖಾತೆಯ ಕೊನೆಯ ಅಂಕಿ ಸೊನ್ನೆಯಾಗಬಹುದು. ಬ್ಯಾಂಕು ಕಡತವನ್ನು ತಿರಸ್ಕರಿಸಿದಾಗ ಜಾಲದ ಮೇಲೆ ಗೂಬೆ ಕೂರಿಸುವ ಮುನ್ನ ಇದನ್ನು ನೋಡಬೇಕು. ಖಾತೆ ಸಂಖ್ಯೆಯ ಅಂಕಣವನ್ನು ಯಾವಾಗಲೂ ‘ಟೆಕ್ಸ್ಟ್’ ಎಂದೇ ಇಡಬೇಕು.

ಎರಡು ಬಾರಿ ಪಾವತಿಯ ಅಪಾಯ

ಪರದೆಯಲ್ಲಿ ದೋಷದ ಸಂದೇಶ ಬಂದ ಮಾತ್ರಕ್ಕೆ ಕಡತ ತಲುಪಿಲ್ಲ ಎನ್ನುವಂತಿಲ್ಲ. ಕಡತ ಪೂರ್ತಿಯಾಗಿ ಸೇರಿ, ‘ಸೇರಿತು’ ಎಂಬ ಉತ್ತರ ಬರುವಷ್ಟರಲ್ಲಿ ಸಂಪರ್ಕ ಕಡಿದಿರಬಹುದು. ಆಗ ಅದೇ ಪಟ್ಟಿಯನ್ನು ಬೇರೆ ಹೆಸರಿನಲ್ಲಿ ಮತ್ತೆ ಕಳುಹಿಸಿದರೆ ಸರಬರಾಜುದಾರರಿಗೆ ಎರಡು ಬಾರಿ ಹಣ ಸಂದಾಯವಾಗುವ ಸಂಭವವಿದೆ. ನಗದು ಸಾಲದ ಮಿತಿಯಲ್ಲಿ ವ್ಯವಹರಿಸುವ ಸಣ್ಣ ಉದ್ಯಮಿಗೆ ಅಂತಹ ಒಂದು ದಿನವೇ ಸಾಕು, ಮರುದಿನ ಕೊಟ್ಟ ಚೆಕ್ಕುಗಳು ಹಿಂದಿರುಗಲು.

ಆದ್ದರಿಂದ ಪಾವತಿ ಕಡತವನ್ನು ಮರುರವಾನೆ ಮಾಡುವ ಮುನ್ನ ಸರ್ವರ್‌ನ ಫೋಲ್ಡರ್‌ನಲ್ಲಿ ಅದು ಇದೆಯೇ ಎಂದು ನೋಡಬೇಕು. ಅಲ್ಲಿ ಕಾಣದಿದ್ದರೂ ಬ್ಯಾಂಕು ಅದನ್ನು ಎತ್ತಿಕೊಂಡಿರಬಹುದು, ಹೀಗಾಗಿ ಸ್ವೀಕೃತಿ ಕಡತವನ್ನೂ ಖಾತೆಯ ವಿವರವನ್ನೂ ಪರಿಶೀಲಿಸಬೇಕು. ಸಂದೇಹವಿದ್ದರೆ ಬ್ಯಾಂಕನ್ನು ಕೇಳದೆ ಕಳುಹಿಸಬಾರದು. ಪ್ರತಿ ಪಟ್ಟಿಗೂ ಪುನರಾವರ್ತನೆಯಾಗದ ಸಂಖ್ಯೆ ನೀಡಿ, ಮರುರವಾನೆಯಲ್ಲಿಯೂ ಅದೇ ಸಂಖ್ಯೆಯನ್ನು ಉಳಿಸಬೇಕು.

ಇದಕ್ಕೆ ಲೆಕ್ಕಪರಿಶೋಧನೆಯ ಹಳೆಯ ಉಪಾಯವೊಂದು ಇಂದಿಗೂ ಉಪಯುಕ್ತ. ಪಟ್ಟಿಯಲ್ಲಿರುವ ನಮೂದುಗಳ ಸಂಖ್ಯೆ ಹಾಗೂ ಒಟ್ಟು ಮೊತ್ತವನ್ನು ಕಡತದಿಂದ ಪ್ರತ್ಯೇಕವಾಗಿ ಬರೆದಿಟ್ಟು, ಬ್ಯಾಂಕಿನ ಸ್ವೀಕೃತಿಯೊಂದಿಗೆ ತಾಳೆ ನೋಡುವುದೇ ಅದು. ‘46 ನಮೂದು, ಇಷ್ಟು ರೂಪಾಯಿ’ ಎಂಬ ಒಂದು ಸಾಲಿನ ತಾಳೆಯು ತುಂಡಾದ ಕಡತವನ್ನೂ, ತಿದ್ದಿದ ಕಡತವನ್ನೂ, ಎರಡು ಬಾರಿ ಹೋದ ಕಡತವನ್ನೂ ಹೊರಗೆಡಹಬಲ್ಲದು.

ಕಾನೂನಿನ ದೃಷ್ಟಿಯಿಂದ

ಕಡತ ರವಾನೆಯ ದಾಖಲೆ ಕೇವಲ ತಾಂತ್ರಿಕ ವಿಷಯವಲ್ಲ. ಮಾಹಿತಿ ತಂತ್ರಜ್ಞಾನ ಕಾಯ್ದೆ, 2000ರ 70ಬಿ ಕಲಮಿನಡಿ ಸರ್ಟ್-ಇನ್ ಸಂಸ್ಥೆಯು 2022ರ ಏಪ್ರಿಲ್ 28ರಂದು ಹೊರಡಿಸಿದ ನಿರ್ದೇಶನವು, ಅನಧಿಕೃತ ಪ್ರವೇಶ, ದತ್ತಾಂಶ ಸೋರಿಕೆ ಮುಂತಾದ ನಿರ್ದಿಷ್ಟ ಘಟನೆಗಳನ್ನು ಗಮನಕ್ಕೆ ಬಂದ 6 ಗಂಟೆಗಳೊಳಗೆ ವರದಿ ಮಾಡುವಂತೆ ಹಾಗೂ ಗಣಕ ವ್ಯವಸ್ಥೆಗಳ ಲಾಗ್‌ಗಳನ್ನು 180 ದಿನ ಕಾಯ್ದಿಡುವಂತೆ ಸಂಸ್ಥೆಗಳಿಗೆ ವಿಧಿಸಿದೆ. ಕೇಂದ್ರ ಜಿಎಸ್‌ಟಿ ಕಾಯ್ದೆಯ 36ನೇ ಕಲಮಿನಂತೆ ಲೆಕ್ಕಪತ್ರಗಳನ್ನು ಸಂಬಂಧಿತ ವರ್ಷದ ವಾರ್ಷಿಕ ವಿವರಣ ಪತ್ರದ ಕೊನೆಯ ದಿನದಿಂದ 72 ತಿಂಗಳು ಉಳಿಸಬೇಕು. ಖಾಸಗಿ ನಿಯಮಿತ ಕಂಪನಿಯಾಗಿದ್ದರೆ, 2022ರ ಆಗಸ್ಟ್‌ನಲ್ಲಿ ತಿದ್ದುಪಡಿಯಾದ ಕಂಪನಿ ಲೆಕ್ಕಪತ್ರ ನಿಯಮಗಳ ಪ್ರಕಾರ, ವಿದ್ಯುನ್ಮಾನ ಲೆಕ್ಕಪುಸ್ತಕಗಳ ಬ್ಯಾಕಪ್ ಅನ್ನು ಭಾರತದಲ್ಲಿರುವ ಸರ್ವರ್‌ನಲ್ಲಿ ದಿನವೂ ಇಡಬೇಕು. ಶಾಖೆಯ ಕಡತ ನಾಲ್ಕು ದಿನ ತಲುಪದೆ ಯಾರೂ ಗಮನಿಸದಿದ್ದರೆ ಅದು ಈ ನಿಯಮದ ಪಾಲನೆಗೂ ತಟ್ಟುತ್ತದೆ.

ಹಣ ವಂಚನೆಯಾಗಿದೆ ಎಂಬ ಅನುಮಾನ ಬಂದಾಗ ದೋಷಪತ್ತೆಯಲ್ಲಿ ಕಾಲ ಕಳೆಯದೆ ಕೂಡಲೇ ಬ್ಯಾಂಕಿಗೂ, ರಾಷ್ಟ್ರೀಯ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೂ ತಿಳಿಸಬೇಕು.

ಒಂದು ಪುಟದ ಸಿದ್ಧತೆ

ಮೇಲಿನ ಯಾವುದನ್ನೂ ರಾತ್ರಿ ಹನ್ನೊಂದು ಗಂಟೆಗೆ ಕಲಿಯಲಾಗದು. ಎಲ್ಲವೂ ಸರಿಯಿರುವ ದಿನವೇ ಪ್ರತಿ ಶಾಖೆಯಲ್ಲಿ ಒಂದು ಪುಟದ ಪಟ್ಟಿಯನ್ನು ಸಿದ್ಧಪಡಿಸಿ ಕಾಗದದಲ್ಲಿ ಮುದ್ರಿಸಿ ಇಡುವುದು ಉಚಿತ. ಅದರಲ್ಲಿ ಈ ಅಂಶಗಳಿರಬೇಕು:

1. ಸರ್ವರ್‌ನ ಹೆಸರು, ಪದ್ಧತಿ ಮತ್ತು ಪೋರ್ಟ್ ಸಂಖ್ಯೆ.
2. ಸರ್ವರ್‌ನ ಕೀಲಿಯ ಬೆರಳಚ್ಚು, ಅದನ್ನು ದೃಢಪಡಿಸಿಕೊಂಡ ದಿನಾಂಕದೊಂದಿಗೆ.
3. ಬಳಕೆದಾರರ ಹೆಸರು, ಪಾಸ್‌ವರ್ಡ್‌ನ ಅವಧಿ ಮುಗಿಯುವ ದಿನ. (ಪಾಸ್‌ವರ್ಡನ್ನು ಇಲ್ಲಿ ಬರೆಯಬಾರದು.)
4. ಕಚೇರಿಯ ಐಪಿ ವಿಳಾಸ ಮತ್ತು ಅಂತರ್ಜಾಲ ಸೇವಾದಾರರ ದೂರು ಸಂಖ್ಯೆ.
5. ಆ ತುದಿಯ ಜವಾಬ್ದಾರರ, ಮೊದಲೇ ಪರಿಶೀಲಿಸಿದ ದೂರವಾಣಿ ಸಂಖ್ಯೆ.
6. ಮುಖ್ಯ ಮಾರ್ಗ ಕೈಕೊಟ್ಟಾಗ ಬಳಸಬೇಕಾದ, ಮಾಲೀಕರು ಒಪ್ಪಿದ ಪರ್ಯಾಯ ಮಾರ್ಗ.

ಪರ್ಯಾಯ ಮಾರ್ಗವೂ ಸುರಕ್ಷಿತವಾಗಿರಬೇಕು. ಪೆನ್‌ಡ್ರೈವ್‌ನಲ್ಲಿಯೇ ಒಯ್ಯಬೇಕಾದ ಪ್ರಸಂಗ ಬಂದರೆ ಕಡತವನ್ನು ಪಾಸ್‌ವರ್ಡ್‌ನಿಂದ ಗೂಢಲಿಪಿಗೊಳಿಸಿ, ಆ ಪಾಸ್‌ವರ್ಡನ್ನು ದೂರವಾಣಿಯಲ್ಲಿ ಪ್ರತ್ಯೇಕವಾಗಿ ತಿಳಿಸಬೇಕು. ಇದರೊಂದಿಗೆ ಒಂದು ರವಾನೆ ಪುಸ್ತಕವನ್ನು ಇಟ್ಟು ದಿನಾಂಕ, ಕಡತದ ಹೆಸರು, ನಮೂದುಗಳ ಸಂಖ್ಯೆ, ಮೊತ್ತ, ಕಳುಹಿಸಿದ ವೇಳೆ, ಸ್ವೀಕೃತಿ ಇವುಗಳನ್ನು ಬರೆಯುತ್ತಿದ್ದರೆ, ಯಾವ ದಿನದ ಕಡತ ತಲುಪಿಲ್ಲವೆಂಬುದು ತಿಂಗಳ ಕೊನೆಯಲ್ಲಲ್ಲ, ಮರುದಿನ ಬೆಳಿಗ್ಗೆಯೇ ತಿಳಿಯುತ್ತದೆ. ಮೂರು ತಿಂಗಳಿಗೊಮ್ಮೆ ಒಂದು ಬ್ಯಾಕಪ್ ಕಡತವನ್ನು ನಿಜವಾಗಿಯೂ ತೆರೆದು ನೋಡುವುದನ್ನು ಮರೆಯಬಾರದು.

ಉದಾಹರಣೆಯ ಮಳಿಗೆಗೆ ಹಿಂದಿರುಗುವುದಾದರೆ, ಅಲ್ಲಿ 10ರ ರಾತ್ರಿ ಕಾಣಿಸಿದ ಸಂದೇಶ ‘ಟೈಮ್ಡ್ ಔಟ್’ ಎಂದಿಟ್ಟುಕೊಳ್ಳಬಹುದು. ದಾರಿ ಸರಿಯಿದೆ, ಬಾಗಿಲಲ್ಲಿ ಉತ್ತರವಿಲ್ಲ. ಸಂಜೆ ಕರೆಂಟು ಹೋಗಿ ಬಂದಿದೆ, ಶಾಖೆಯ ವಿಳಾಸ ಬದಲಾಗಿದೆ, ಹಾಸನದ ಸರ್ವರ್ ಅದನ್ನು ಗುರುತಿಸುತ್ತಿಲ್ಲ. ಪಟ್ಟಿಯಲ್ಲಿರುವ ಸಂಖ್ಯೆಗೆ ಒಂದು ಕರೆ ಮಾಡಿ ಹೊಸ ವಿಳಾಸವನ್ನು ಸೇರಿಸಿದರೆ ಕಡತ ಹೊರಡುತ್ತದೆ. ವಾಟ್ಸ್‌ಆ್ಯಪ್ ಬೇಕಾಗಲಿಲ್ಲ, ಫೈರ್‌ವಾಲ್ ತೆಗೆಯಬೇಕಾಗಲಿಲ್ಲ. ಸಂದೇಶವನ್ನು ಓದಿ, ಸರಿಯಾದ ಹಂತದಲ್ಲಿ ವಿಚಾರಿಸುವ ತಾಳ್ಮೆ ಮಾತ್ರ ಬೇಕಾಯಿತು. ಬಸ್ಸಿನಲ್ಲಿ ಕಳುಹಿಸಿದ ಕಟ್ಟನ್ನು ಹುಡುಕುತ್ತಿದ್ದ ಹಿರಿಯ ವರ್ತಕರಿಗೆ ಆ ತಾಳ್ಮೆ ಅಭ್ಯಾಸವಾಗಿತ್ತು. ಗಣಕದ ಮುಂದೆ ಕುಳಿತ ಇಂದಿನ ಪೀಳಿಗೆಯೂ ಅದನ್ನು ರೂಢಿಸಿಕೊಂಡರೆ ವ್ಯಾಪಾರಕ್ಕೆ ಕ್ಷೇಮ.